ಮದುವೆ ಗಾದಿಯ ಮೊದಲ ಏಟು

ಒಣಗದ ಗಾಯ ಹೊತ್ತು ತಿರುಗುವವರಿಗೆ ಒಂದು ಮಾತು ತಾನಾಗಿಯೇ ರೂಢಿಯಾಗುತ್ತದೆ. "ಹೆಂಗೈತೆ ಕಾಲು?" ಎಂದು ಯಾರೇ ಕೇಳಲಿ, "ಅಡ್ಡಿ ಇಲ್ರಿ" ಎನ್ನುವುದು. ನಾನು ನಾಲ್ಕು ವರ್ಷ ಹೀಗೆ ಅಡ್ಡಿ ಇಲ್ರಿ ಎಂದೆ. ಅಡ್ಡಿ ಬೇಕಾದಷ್ಟಿತ್ತು. ಬಲಗಾಲಿನ ಎಲುಬಿನೊಳಗೆ ಕೀವು ಕೂತಿತ್ತು. ಮೊಣಕಾಲು ಮಡಚುತ್ತಿರಲಿಲ್ಲ. ನಾನು ಬರುವ ಮೊದಲೇ ನನ್ನ ವಾಸನೆ ಮಂದಿಯ ಮೂಗಿಗೆ ಹೋಗುತ್ತಿತ್ತು. ಈಗ ಗಾಯ ಮುಚ್ಚಿದೆ. ಇಂಥದೇ ಗಾಯ ಇಟ್ಟುಕೊಂಡು ಯಾವುದೋ ಆಸ್ಪತ್ರೆಯ ಕಟ್ಟೆಯ ಮೇಲೆ ಚೀಟಿ ಹಿಡಿದು ಕೂತವರು ಇದನ್ನು ಓದಿದರೆ, ನಾನೂ ಅವರ ಪಕ್ಕದಲ್ಲಿ ಒಂದಿಷ್ಟು ಹೊತ್ತು ಕೂತಂತಾಗಲಿ ಎಂದು ಬರೆಯುತ್ತಿದ್ದೇನೆ. ಧೈರ್ಯ ಹೇಳುವುದಕ್ಕಂತೂ ಅಲ್ಲ. ಧೈರ್ಯ ಹೇಳಲು ಬಂದವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತಿತ್ತು.

ನಾನು ಪಿಂಜಾರ, ಹೆಸರು ಖಾಸಿಂಸಾಬ್. ಹತ್ತಿ ಹೊಡೆದು ಗಾದಿ ಹೊಲಿಯುವುದು ಕಸುಬು. ದಾವಣಗೆರೆಯಲ್ಲಿ ಹತ್ತಿ ಅಂಗಡಿಗಳ ಹಿಂದಿನ ಓಣಿಯಲ್ಲಿ ನಮ್ಮ ಮನೆ. ಮುಂದೆ ಒಂದು ಅಂಕಣ, ಅದರ ತೊಲೆಗೆ ಇಳಿಬಿಟ್ಟ ನಮ್ಮಜ್ಜನ ಕಾಲದ ಬಿಲ್ಲು. ಹಿಂದೆ ಒಂದು ಕೋಣೆ, ಅದರಲ್ಲಿ ನಾನು ಮತ್ತು ನನ್ನ ಹೆಂಡತಿ ಮಾಬುಬಿ. ಬಿಲ್ಲಿಗೆ ಹೆದೆಯಂತೆ ಬಿಗಿದ ನರವನ್ನು ಹತ್ತಿಗೆ ತಾಗಿಸಿ ಮರದ ಕೊಡತಿಯಿಂದ ಹೊಡೆದರೆ ಗಂಟುಗಟ್ಟಿದ ಹತ್ತಿ ಬಿಡಿಸಿಕೊಂಡು ಅರಳೆಯಾಗುತ್ತದೆ. ನೋಡುವವರಿಗೆ ಅದು ಕೈಯ ಕೆಲಸ. ಹೊಡೆಯುವವನಿಗೆ ಗೊತ್ತು, ಅದು ಮೊಣಕಾಲಿನ ಕೆಲಸ. ಬಲಮೊಣಕಾಲನ್ನು ಮಡಚಿ ನೆಲಕ್ಕೂರಿ, ಮೈಭಾರವನ್ನೆಲ್ಲ ಅದರ ಮೇಲೆ ಬಿಟ್ಟರೇನೇ ಕೊಡತಿಗೆ ಬಲ ಬರುವುದು.

ನಮ್ಮ ಮನೆಯಲ್ಲಿ ಎರಡು ಪದ್ಧತಿಗಳಿದ್ದವು. ಮದುವೆ ಗಾದಿಯಾದರೆ ಗಿರಾಕಿಯ ಕಣ್ಣೆದುರಿಗೇ ಬಿಸ್ಮಿಲ್ಲಾ ಎಂದು ಮೊದಲ ಏಟನ್ನು ಯಜಮಾನನೇ ಹೊಡೆಯಬೇಕು. ಮುಂದಿನದನ್ನು ಯಾರು ಬೇಕಾದರೂ ಹೊಡೆಯಬಹುದು. ಇನ್ನೊಂದು, ಗಾದಿ ಒಪ್ಪಿಸುವಾಗ ಮನೆಯವರು ಅದರ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು ಈ ತುದಿಯಿಂದ ಆ ತುದಿಗೆ ಸರಿದು ತೋರಿಸಬೇಕು. ಒಳಗೆ ಸೂಜಿ ಉಳಿದಿಲ್ಲ ಎಂಬುದಕ್ಕೆ ಅದೇ ನಮ್ಮ ಪ್ರಮಾಣ. ಮದುವಣಗಿತ್ತಿ ಮಲಗುವ ಗಾದಿಯಲ್ಲಿ ಸೂಜಿ ಸಿಕ್ಕಿತೆಂದರೆ ಪಿಂಜಾರ ಊರು ಬಿಡಬೇಕು ಎಂದು ನಮ್ಮಪ್ಪ ಹೆದರಿಸುತ್ತಿದ್ದ.

ಅರವತ್ತರ ದಶಕ ಶುರುವಾಗಿ ಒಂದೆರಡು ವರ್ಷ ಆಗಿತ್ತು. ಹಾಗೆ ಕೂತು ತೋರಿಸಲಿಕ್ಕೆಂದೇ ಒಂದು ಗಾದಿಯನ್ನು ಸುರುಳಿ ಸುತ್ತಿ ಸೈಕಲ್ಲಿನ ಹಿಂದೆ ಕಟ್ಟಿಕೊಂಡು ಹರಿಹರಕ್ಕೆ ಹೊರಟಿದ್ದೆ. ಒಂಬತ್ತು ಮೈಲಿ ದಾರಿ. ಹರಿಹರದ ಮನೆಗಳು ಕಾಣತೊಡಗಿದ್ದವು. ಹಿಂದಿನಿಂದ ಬಂದ ಬಸ್ಸು ಗಾದಿಯನ್ನು ಸವರಿತು. ಸೈಕಲ್ಲು ಅಡ್ಡ ಬಿತ್ತು, ಬಲಗಾಲು ಬಸ್ಸಿನ ಚಕ್ರದ ಅಂಚಿಗೆ ಸಿಕ್ಕಿತು. ತಲೆ ಗಾದಿಯ ಮೇಲೆ ಬಿದ್ದದ್ದರಿಂದ ಉಳಿದೆ. "ನಿನ್ ಗಾದಿನೇ ನಿನ್ನ ಕಾಯ್ತು ನೋಡು" ಎಂದು ಆಮೇಲೆ ಎಲ್ಲರೂ ಹೇಳಿದ್ದೇ ಹೇಳಿದ್ದು. ಆ ಗಾದಿ ಸುತ್ತಿಕೊಂಡು ಹೋಗದಿದ್ದರೆ ಬಸ್ಸು ತಾಗುತ್ತಲೇ ಇರಲಿಲ್ಲ ಎಂಬುದು ಯಾರಿಗೂ ಹೊಳೆಯಲಿಲ್ಲ.

ಮುರಿದ ಎಲುಬು ಚರ್ಮ ಹರಿದು ಹೊರಗೆ ಬಂದಿತ್ತು, ಅದರೊಳಗೆ ರಸ್ತೆಯ ಮಣ್ಣು ಸೇರಿತ್ತು. ದಾವಣಗೆರೆಯ ಆಸ್ಪತ್ರೆಯಲ್ಲಿ ಪ್ಲಾಸ್ಟರ್ ಹಾಕಿದರು, ಸೂಜಿಮದ್ದು ಕೊಟ್ಟರು. ಮೂರು ತಿಂಗಳಿಗೆ ಪ್ಲಾಸ್ಟರ್ ಬಿಚ್ಚಿದಾಗ ಎಲುಬು ಕೂಡಿತ್ತು, ಗಾಯ ಕೂಡಿರಲಿಲ್ಲ. ಮೊಣಕಾಲಿನ ಕೆಳಗೆ ಒಂದು ತೂತು. ಒತ್ತಿದರೆ ಕೀವು. ಒಂದು ತಿಂಗಳು ಮುಚ್ಚುವುದು, ಹಬ್ಬ ಮಾಡೋಣ ಎನ್ನುವಷ್ಟರಲ್ಲಿ ಚಳಿಜ್ವರ ಬಂದು ಮತ್ತೆ ಬಾಯಿ ತೆರೆಯುವುದು. ಒಳಗೆ ಒಂದು ಚೂರು ಎಲುಬು ಸತ್ತಿದೆ, ಅದು ಇರುವವರೆಗೆ ಹೀಗೇ ಎಂದು ದೊಡ್ಡ ಡಾಕ್ಟರು ಹೇಳಿದರು. ಮೈಯ ಒಂದು ತುಣುಕು ಮಾತ್ರ ಸಾಯುವುದೆಂದರೇನು ಎಂದು ನನಗೆ ಎಷ್ಟು ಯೋಚಿಸಿದರೂ ತಿಳಿಯಲಿಲ್ಲ.

ವಾರ್ಡಿನಲ್ಲಿ ನನ್ನ ಬಾಯಿ ಸುಮ್ಮನಿರಲಿಲ್ಲ. ಡ್ರೆಸ್ಸಿಂಗ್ ಮಾಡುವ ಸಿಸ್ಟರ್ ಗಾಯಕ್ಕೆ ಹತ್ತಿ ಇಡುವಾಗ ನಾನು ಅದನ್ನು ಬೆರಳಲ್ಲಿ ಹಿಂಜಿ ನೋಡಿ, "ಇದೇನ್ರಿ ಸಿಸ್ಟರ್, ಬರೇ ಗಂಟು! ಯಾರ್ರಿ ಹೊಡೆದೋನು ಇದನ್ನ?" ಎಂದು ಬೈಯುತ್ತಿದ್ದೆ. ಆಕೆ ಮೊದಲು ರೇಗುತ್ತಿದ್ದಳು. ಆಮೇಲಾಮೇಲೆ ಹೊಸ ಹತ್ತಿಯ ಸುರುಳಿ ಬಂದಾಗಲೆಲ್ಲ ಮೊದಲು ನನ್ನ ಕೈಗೇ ಒಂದು ಚೂರು ಕೊಟ್ಟು, "ಪಾಸೋ ಫೇಲೋ ಹೇಳಪ್ಪ" ಎನ್ನುತ್ತಿದ್ದಳು. ಗಾಯದ ಒಳಗೆ ಕಡ್ಡಿ ಹಾಕಿ ತೊಳೆಯುವ ಹೊತ್ತಿಗೆ ಸರಿಯಾಗಿ ಕೇಳುತ್ತಿದ್ದಳು. ಯಾಕೆ ಆಗಲೇ ಕೇಳುತ್ತಾಳೆಂದು ಗೊತ್ತಾಗಲು ನನಗೆ ಬಹಳ ದಿನ ಹಿಡಿಯಿತು.

ಮನೆಗೆ ಬಂದ ಮೇಲೆ ಕಷ್ಟ ಹೆಚ್ಚಾಯಿತು. ಮೊಣಕಾಲು ಬಿಗಿದು ಕೊರಡಾಗಿತ್ತು. ನಮಾಜಿಗೆ ಎಲ್ಲರೂ ಕೂತಾಗ ನಾನೊಬ್ಬ ಗೋಡೆಗೆ ಒರಗಿ ಕಾಲು ಚಾಚಿರುತ್ತಿದ್ದೆ. ನೋಡಲು ಬಂದವರು ಹೊಸ್ತಿಲಲ್ಲೇ ನಿಂತು, ಸೆರಗನ್ನೋ ವಲ್ಲಿಯನ್ನೋ ಮೂಗಿಗೆ ಹಿಡಿದು, "ಬರ್ತೀವ್ರಿ, ಕೆಲಸ ಐತೆ" ಎಂದು ಹೋಗುತ್ತಿದ್ದರು. ಬಿಲ್ಲನ್ನು ಮಾಬು ಹಿಡಿದಳು. ಹತ್ತಿ ಆರಿಸುವುದು, ಹೊಲಿಯುವುದು ಮೊದಲಿನಿಂದಲೂ ಅವಳದೇ. ಹೊಡೆಯುವುದು ಮಾತ್ರ ಹೊಸದು. ಒಳಗಿನ ಕೋಣೆಯಲ್ಲಿ ಮಲಗಿ ಅವಳ ಏಟು ಕೇಳುತ್ತಿದ್ದೆ. ಏಟು ತಪ್ಪಿ ನರ ಮೊಂಡಾಗಿ ಸದ್ದು ಮಾಡಿದಾಗ ಹಲ್ಲು ಕಡಿಯುತ್ತಿದ್ದೆ.

"ಕೊಡತಿ ತಿರುಗಿಸಿ ಹಿಡಿಯೇ!" ಎಂದು ಕೂಗಿದರೆ, "ಬಾಯಿ ಮುಚ್ಕಂಡು ಮಲಕ್ಕೊಳ್ರಿ. ನಾನೇನು ನಿಮ್ಮಪ್ಪನ ಹತ್ರ ಕಲತೋಳಾ?" ಎಂದು ಅಲ್ಲಿಂದ ಉತ್ತರ ಬರುತ್ತಿತ್ತು. ಸಂಜೆ ಅವಳು ಅಂಗೈಯ ಬೊಕ್ಕೆಗೆ ಎಣ್ಣೆ ಹಚ್ಚಿಕೊಳ್ಳುವಾಗ ನಾನು ಗೋಡೆಯ ಕಡೆ ಹೊರಳುತ್ತಿದ್ದೆ. ಗಂಡಸಾಗಿ ಹುಟ್ಟಿ ಅದನ್ನು ನೋಡುತ್ತ ಮಲಗುವುದು ಕೀವಿಗಿಂತ ಹೆಚ್ಚು ನೋಯುತ್ತಿತ್ತು.

ಬಸ್ಸಿನವರ ಮೇಲೆ ಕೇಸು ಹಾಕಿಸಿದವನು ನಮ್ಮಣ್ಣ ದಾವಲಸಾಬ್. ವಕೀಲ ಬಸವಂತಪ್ಪನವರ ಮನೆಗೆ ಅವನು ಗಾದಿ ತಲುಪಿಸಿದ್ದನಂತೆ, ಆ ಗುರುತಿನ ಮೇಲೆ ನನ್ನನ್ನು ಟಾಂಗಾದಲ್ಲಿ ಹಾಕಿಕೊಂಡು ಹೋದ. ವಿಚಾರಣೆ ಚಿತ್ರದುರ್ಗದಲ್ಲಿ. ಬಸ್ಸಿನ ನಡುವಿನ ದಾರಿಯಲ್ಲಿ ಕಾಲು ಚಾಚಿ ಕೂತರೆ ಹತ್ತುವವರೆಲ್ಲ ದಾಟಿ ಹೋಗಬೇಕು. ಬಸ್ಸು ಬಡಿದದ್ದರ ಕೇಸಿಗೆ ಬಸ್ಸಿನಲ್ಲೇ ಹೋಗುವುದು! ಕೋರ್ಟಿನ ಪಡಸಾಲೆಯಲ್ಲಿ ಬೆಳಗಿನಿಂದ ಕೂತು, ಹೆಸರು ಕೂಗುತ್ತಾರೆಂದು ಒಂದಕ್ಕೂ ಹೋಗದೆ ಕಾದು, ಕೊನೆಗೆ "ಮುಂದಿನ ತಿಂಗಳು" ಎಂದು ಕೇಳಿಸಿಕೊಂಡು ಬರುವುದು ಎಷ್ಟು ಸಲವೋ ಲೆಕ್ಕವಿಲ್ಲ. ಒಂದು ದಿನ ಜಡ್ಜ್ ಸಾಹೇಬರು ಮೊಣಕಾಲು ಮಡಚಿ ತೋರಿಸಲು ಹೇಳಿದರು. ಎರಡೂ ಕೈಯಿಂದ ಹಿಡಿದು ಬಗ್ಗಿಸಲು ನೋಡಿದೆ. ಪಟ್ಟಿ ಒದ್ದೆಯಾಯಿತು. ಸಾಹೇಬರು ಕಿಟಕಿ ತೆಗೆಸಿದರು. ಅವತ್ತೇ ನನಗೆ ಕೇಸು ಗೆಲ್ಲುವ ನಂಬಿಕೆ ಬಂತು.

ತೀರ್ಪು ನನ್ನ ಕಡೆ ಆಯಿತು. ಕಸುಬು ಹೋಗಿದೆ, ಪರಿಹಾರ ಕೊಡಬೇಕು ಎಂದು ಬರೆದಿದ್ದರು. ಅಣ್ಣ ಓಣಿಗೆಲ್ಲ ಮಂಡಕ್ಕಿ ಮೆಣಸಿನಕಾಯಿ ಹಂಚಿದ. ದೊಡ್ಡ ಡಾಕ್ಟರಿಗೆ ಹೇಳಲು ಹೋದರೆ ಅವರು ಹೊಸ ಎಕ್ಸರೇಯನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು.

"ಹಣ ಬಂದ ಕೂಡ್ಲೆ ಬೆಂಗಳೂರಿಗೆ ಹೋಗು ಖಾಸಿಂ. ನಾನು ಕಾಗದ ಕೊಡ್ತೀನಿ. ಈಗಾದ್ರೆ ಸತ್ತ ಎಲುಬನ್ನ ಕೆರೆದು ತೆಗೀಬಹುದು. ಇನ್ನೊಂದು ವರ್ಷ ಬಿಟ್ರೆ ಕಾಲನ್ನೇ ತೆಗೀಬೇಕಾಗುತ್ತೆ. ದಸರೆ ದಾಟಿಸಬೇಡ."

ಮಾಬು ಅಲ್ಲೇ ಇದ್ದಳು. ಮನೆಗೆ ಬಂದು ಕ್ಯಾಲೆಂಡರಿನಲ್ಲಿ ದಸರೆ ಎಲ್ಲಿದೆ ಎಂದು ನನ್ನಿಂದ ಓದಿಸಿ, ಅಲ್ಲಿ ಇದ್ದಿಲಿನಿಂದ ಒಂದು ಗೆರೆ ಎಳೆದಳು.

ಹಣ ಬರಲಿಲ್ಲ, ಅಪೀಲು ಬಂತು. ಬಸ್ಸಿನ ಮಾಲೀಕರೂ ವಿಮಾ ಕಂಪನಿಯವರೂ ಸೇರಿ ಬೆಂಗಳೂರಿನ ಹೈಕೋರ್ಟಿಗೆ ಹೋಗಿದ್ದರು. ಅದು ಇತ್ಯರ್ಥವಾಗುವವರೆಗೆ ಹಣಕ್ಕೆ ತಡೆ. "ಎಷ್ಟು ದಿನ ಆಗ್ತದ್ರಿ?" ಎಂದು ಕೇಳಿದೆ. ಬಸವಂತಪ್ಪನವರು ಕನ್ನಡಕ ತೆಗೆದು ಒರೆಸಿ, "ಎರಡು ವರ್ಷ ಅಂದ್ರೆ ಬೇಗ ಆತು ಅಂತ ತಿಳ್ಕೊ" ಎಂದರು. ಎರಡು ವರ್ಷಕ್ಕೆ ನನ್ನ ಕಾಲೇ ಇರುವುದಿಲ್ಲವಲ್ಲ ಎಂದೆ. ಅವರು ಕನ್ನಡಕವನ್ನು ಇನ್ನೊಮ್ಮೆ ಒರೆಸಿದರು. ಸಾಲ ಮಾಡೋಣವೆಂದರೆ ಆಸ್ಪತ್ರೆಗೆ ಮಾಡಿದ್ದೇ ಕೊರಳಿಗೆ ಬಂದಿತ್ತು, ಹೊಸದಾಗಿ ನಂಬುವವರು ಯಾರೂ ಉಳಿದಿರಲಿಲ್ಲ.

ಮಳೆ ಹಿಡಿದ ಮೇಲೆ ಒಂದು ಮಧ್ಯಾಹ್ನ ಛತ್ರಿ ಮಡಚಿಕೊಂಡು ಒಬ್ಬರು ನಮ್ಮ ಅಂಕಣಕ್ಕೆ ಬಂದರು. ಐವತ್ತರ ಆಸುಪಾಸು, ಕರಿ ಕೋಟು, ಮೆದು ಮಾತು. ಮೂಗು ಮುಚ್ಚಿಕೊಳ್ಳಲಿಲ್ಲ. ಅದಕ್ಕೇ ನಾನು ಮೊದಲು ಮೆಚ್ಚಿದ್ದು.

"ಗಾದಿ ಬೇಕಾಗಿತ್ತು ಸಾಬ್ರೆ. ಮಗಳ ಮದುವಿ. ನಾವು ಹರಿಹರದೋರು" ಎಂದರು.

"ಕೂಡ್ರಿ, ಕೂಡ್ರಿ. ನಾನೇ ಹೊಡಿತೀನ್ರಿ ಈಗ, ಚಲೋ ಮಾಡಿಕೊಡ್ತೀನಿ" ಎಂದಳು ಮಾಬು.

"ನೀವು ಮಾಡ್ರಿ ತಾಯಿ, ಬ್ಯಾಡ ಅನ್ನಂಗಿಲ್ಲ. ಆದ್ರ ಮದುವಿ ಗಾದಿಗೆ ಮೊದ್ಲ ಏಟು ಯಜಮಾನ್ರೇ ಹೊಡೀತಾರಂತ ಓಣ್ಯಾಗ ಹೇಳಿದ್ರು. ಆಗಂಗಿಲ್ಲ ಅಂದ್ರ ಬ್ಯಾರೆ ಕಡೆ ನೋಡ್ತೀನಿ, ಬ್ಯಾಸರ ಇಲ್ಲ."

ಆಗುವುದಿಲ್ಲ ಎಂದು ನಾನು ಹೇಳಬೇಕಿತ್ತು. ಒಂದೇ ಮಾತು. ಮೂರು ವರ್ಷದಿಂದ ಕೋರ್ಟಿನಲ್ಲಿ ಹೇಳಿಕೊಂಡು ಬಂದದ್ದೂ ಅದೇ ಮಾತು. ಆದರೆ ಅದನ್ನು ಜಡ್ಜಿಗೆ ಹೇಳುವುದು ಬೇರೆ, ಮಗಳ ಮದುವೆಯೆಂದು ಬಂದ ಗಿರಾಕಿಗೆ ಹೇಳುವುದು ಬೇರೆ. ನಮ್ಮ ಮನೆಯಿಂದ ಮದುವೆ ಗಾದಿ ಕೇಳಿ ಬಂದವರು ಬರಿಗೈಲಿ ಹೋದದ್ದಿಲ್ಲ. ಮಾಬು ಕಣ್ಣಲ್ಲೇ ಬೇಡವೆಂದಳು. ನಾನು ನೋಡಿಯೂ ನೋಡದವನಂತೆ ಕೋಲು ಹಿಡಿದು ಎದ್ದೆ.

ಎರಡು ಹಳೆಯ ಗಾದಿ ಒಟ್ಟಿ, ಅವುಗಳ ಮೇಲೆ ಕೂತು, ಬಲಗಾಲನ್ನು ಇಟ್ಟಿಗೆಯ ಮೇಲೆ ಚಾಚಿದೆ. ಮಾಬು ತುಟಿ ಕಚ್ಚಿಕೊಂಡು ಹತ್ತಿ ಹರಡಿದಳು. ಬಿಸ್ಮಿಲ್ಲಾ ಎಂದು ಹೊಡೆದೆ. ನರ ಝೇಂ ಎಂದಿತು. ಏನೆಂದು ಹೇಳಲಿ! ಮೂರು ವರ್ಷದ ಮೇಲೆ ನನ್ನ ಕೈಯಿಂದ ಆ ಸದ್ದು ಹೊರಟಿತ್ತು. ಒಂದು ಏಟು ಸಾಕಿತ್ತು. ನನಗೆ ನಿಲ್ಲಿಸಲಾಗಲಿಲ್ಲ. ಎರಡು ಹೊಡೆದೆ, ನಾಲ್ಕು ಹೊಡೆದೆ, ಕಾಲನ್ನು ಮರೆತು ಹೊಡೆದೆ. ಅರಳೆ ಎದ್ದೆದ್ದು ಬೀಳುತ್ತಿತ್ತು. ನನ್ನ ಕಣ್ಣಲ್ಲಿ ನೀರು ಬಂತು, ಸಂತೋಷಕ್ಕೇ ಬಂತು. ಆಮೇಲೆ ಕಾಲಿನೊಳಗೆ ಏನೋ ಪಟ್ಟೆಂದಿತು. ಪಟ್ಟಿ ನೆನೆದು, ಇಟ್ಟಿಗೆ ನೆನೆದು, ಬಿಳಿ ಅರಳೆಯ ಮೇಲೆ ರಕ್ತ ಕೀವು ಎರಡೂ ಹರಿದವು.

ಬಂದವರು ಎದ್ದು ನಿಂತಿದ್ದರು. ಮುಂಗಡವನ್ನು ಮಾಬುವಿನ ಮುಂದೆ ಇಟ್ಟು ಛತ್ರಿ ಬಿಚ್ಚುತ್ತ ಹೊರಟೇಬಿಟ್ಟರು.

"ಉದ್ದ ಅಗಲ ಹೇಳಲಿಲ್ಲಲ್ರೀ!" ಎಂದು ಮಾಬು ಹಿಂದಿನಿಂದ ಕೂಗಿದಳು.

"ನಿಮ್ಮ ಅಂದಾಜಿನ್ಯಾಗ ಮಾಡ್ರಿ" ಎಂದರು. ತಿರುಗಿ ನೋಡಲಿಲ್ಲ.

ಹನ್ನೊಂದು ದಿನ ಜ್ವರ. ಡಾಕ್ಟರಲ್ಲಿಗೆ ಹೋಗೋಣವೆಂದು ಮಾಬು ಗೋಗರೆದಳು. ನಾನು ಒಪ್ಪಲಿಲ್ಲ. ಹೇಗಾಯಿತು ಎಂದು ಅವರು ಕೇಳಿದರೆ ಏನು ಹೇಳುವುದು? ಬೈಸಿಕೊಳ್ಳುವ ಭಯಕ್ಕೆ ನಲವತ್ತು ವರ್ಷದ ಗಂಡಸು ನಾನು ಹೊದ್ದು ಮಲಗಿದೆ. ಅತ್ತ ಮಾಬು ಆ ಗಾದಿಯನ್ನು ಹೊಲಿದು ಮುಗಿಸಿದಳು. ಮದುವೆಯದೆಂದು ಅಂಚಿಗೆ ಕೆಂಪು ದಾರದ ಕಸೂತಿಯನ್ನೂ ಹಾಕಿದಳು. ಒಯ್ಯಲು ಯಾರೂ ಬರಲಿಲ್ಲ.

ಬಂದದ್ದು ಬಸವಂತಪ್ಪನವರ ಕರೆ. ನಾನು, ಮಾಬು, ಅಣ್ಣ ಮೂವರೂ ಹೋದೆವು. ಅವರ ಕೈಯಲ್ಲಿ ಬೆಂಗಳೂರಿನಿಂದ ಬಂದ ಕಾಗದವಿತ್ತು. ಕಂಪನಿಯವರು ಅಪೀಲಿನಲ್ಲಿ ಹೊಸ ಸಾಕ್ಷಿ ತೆಗೆದುಕೊಳ್ಳಿ ಎಂದು ಅರ್ಜಿ ಹಾಕಿದ್ದರು. ಜೊತೆಗೆ ಅವರ ಇನ್‌ಸ್ಪೆಕ್ಟರ್ ಗುರುನಾಥಪ್ಪ ಎಂಬುವರ ವರದಿ. ವಕೀಲರು ಒಂದೊಂದೇ ಸಾಲನ್ನು ಕನ್ನಡದಲ್ಲಿ ಹೇಳಿದರು. ತಾನು ಖುದ್ದಾಗಿ ಹೋಗಿ ನೋಡಿದಾಗ ಸದರಿ ಖಾಸಿಂಸಾಬನು ಕಸುಬಿನ ಜಾಗದಲ್ಲಿ ಕುಳಿತು ಬಿಲ್ಲಿನಿಂದ ಹನ್ನೆರಡು ಏಟು ಹೊಡೆದನು.

"ಛತ್ರಿಯೋರು" ಎಂದಳು ಮಾಬು.

ಹನ್ನೆರಡು. ಅಷ್ಟು ಹೊಡೆದೆನೆಂದು ನನಗೇ ಗೊತ್ತಿರಲಿಲ್ಲ. ನಾನು ಕಣ್ಣೀರು ಹಾಕಿಕೊಂಡು ಹೊಡೆಯುವಾಗ ಆ ಮನುಷ್ಯ ಎಣಿಸುತ್ತ ಕೂತಿದ್ದ.

ಅವತ್ತು ಆದದ್ದನ್ನೆಲ್ಲ ಹೇಳಿದೆ. ವಕೀಲರು ತಲೆ ಮೇಲೆ ಕೈ ಇಟ್ಟುಕೊಂಡರು. "ಯಾಕಪ್ಪ ಹೊಡೆಯಾಕ ಹೋದಿ? ಹೋಗ್ಲಿ. ಅವತ್ತು ಗಾಯ ಬಿರೀತು ಅಂತೀಯಲ್ಲ, ಅದಕ್ಕೇನೈತೆ ಸಾಕ್ಷಿ? ಡಾಕ್ಟರ ಚೀಟಿ?"

"ಡಾಕ್ಟರಿಗೆ ತೋರಿಸಲಿಲ್ರಿ."

"ಆ ರಕ್ತ ಬಿದ್ದ ಹತ್ತಿ? ಅದಾದ್ರೂ ಐತಾ? ಓಣಿಯ ನಾಲ್ಕು ಮಂದಿ ನೋಡಿದ್ರೂ ಒಂದು ದಾರಿ ಆಗ್ತದೆ."

ಮಾಬು ನೆಲ ನೋಡುತ್ತಿದ್ದಳು. "ಸುಟ್ಟೆನ್ರಿ."

"ಸುಟ್ಟಿ?"

"ಮದುವಿ ಗಾದಿ ಅಲ್ರೀ. ಹೊಲಸಾಗಿದ್ದು ಒಂದು ಎಳೆನಾದ್ರೂ ಅದರಾಗ ಸೇರಿಬಿಟ್ರೆ ಹೆಂಗೆ? ಅವತ್ತೇ ಒಲಿಗೆ ಹಾಕಿದೆ. ಯಾರೂ ನೋಡಬಾರದಂತ ಬಾಗಿಲು ಹಾಕ್ಕಂಡು ಹಾಕಿದೆ."

ನನಗೆ ಅವಳ ಮೇಲೆ ಸಿಟ್ಟು ಬರಲಿಲ್ಲ. ನಾನಿದ್ದರೂ ಅದನ್ನೇ ಮಾಡುತ್ತಿದ್ದೆ. ನನ್ನ ಕಾಲಿನ ಸಂಕಟಕ್ಕೆ ಜಗತ್ತಿನಲ್ಲಿದ್ದ ಒಂದೇ ಸಾಕ್ಷಿಯನ್ನು ಅವಳು ಯಾರೋ ಕಾಣದ ಹುಡುಗಿಯ ಮದುವೆಗೆ ಮೈಲಿಗೆಯಾಗಬಾರದೆಂದು ಸುಟ್ಟಿದ್ದಳು.

ಕಂಪನಿ ರಾಜಿಗೆ ತಯಾರಿತ್ತು. ತೀರ್ಪಿನ ಅರ್ಧಕ್ಕಿಂತ ತುಸು ಹೆಚ್ಚು ಕೊಡುತ್ತಾರೆ, ಹದಿನೈದು ದಿನದಲ್ಲಿ. ಆಪರೇಷನ್ನಿಗೆ ಸಾಕು, ಆಮೇಲೆ ಬದುಕುವುದಕ್ಕೆ ಸಾಲದು. ಇನ್ನೊಂದು ಕರಾರು: ಅರ್ಜಿದಾರನು ತನ್ನ ಕಸುಬನ್ನು ಮಾಡಲು ಶಕ್ತನಿದ್ದಾನೆ ಎಂದು ರಾಜಿ ಪತ್ರದಲ್ಲಿ ಒಪ್ಪಬೇಕು.

ಅಣ್ಣ ಕೆಂಡವಾದ. "ಸುಳ್ಳಿಗೆ ಸಹಿ ಹಾಕ್ತೀಯೇನಲೇ? ಹೋರಾಡು. ಎರಡು ವರ್ಷ ಅಲ್ಲ ನಾಲ್ಕು ವರ್ಷ ಆಗ್ಲಿ."

"ಕಾಲು ನಿಂದಾಗಿದ್ರೆ ಹೋರಾಡಣ್ಣ" ಎಂದೆ. ಅವನು ಎದ್ದು ಹೋದ. ಒಂದು ವರ್ಷ ನಮ್ಮ ಮನೆಯ ಮೆಟ್ಟಿಲು ಹತ್ತಲಿಲ್ಲ.

ರಾಜಿ ಪತ್ರಕ್ಕೆ ಸಹಿ ಆದದ್ದು ಹರಿಹರದಲ್ಲಿ, ಬಸ್ಸಿನ ಮಾಲೀಕರ ಆಫೀಸಿನಲ್ಲಿ. ನಾನು ಬಿದ್ದ ಜಾಗದಿಂದ ಕೂಗಳತೆ. ಮೇಜಿನ ಆ ಕಡೆ ಕಂಪನಿಯ ವಕೀಲರು, ಮೂಲೆಯ ಕುರ್ಚಿಯಲ್ಲಿ ಕರಿ ಕೋಟಿನ ಗುರುನಾಥಪ್ಪ. ನಾನು ಮೂರನೇ ಕ್ಲಾಸಿನಲ್ಲಿ ಕಲಿತ ಅಕ್ಷರದಲ್ಲಿ ಹೆಸರು ಬರೆದೆ. ನನ್ನ ಕೈಯಿಂದಲೇ ನನ್ನ ನೋವು ಸುಳ್ಳೆಂದು ಬರೆದುಕೊಟ್ಟೆ. ಬರೆಯುವಾಗಲೂ ಪಟ್ಟಿ ಒದ್ದೆಯಾಗಿತ್ತು, ಆ ಕೋಣೆಯಲ್ಲಿದ್ದ ಎಲ್ಲರಿಗೂ ವಾಸನೆ ಹೊಡೆಯುತ್ತಿತ್ತು, ಒಬ್ಬರೂ ಕಿಟಕಿ ತೆಗೆಸಲಿಲ್ಲ.

ಏಳುವಾಗ ಮಾಬು ಆ ಮೂಲೆಯ ಕಡೆ ತಿರುಗಿ, "ನಿಮ್ಮ ಗಾದಿ ತಯಾರೈತೆ. ಯಾವಾಗ ಒಯ್ತೀರಿ?" ಎಂದಳು. ಚುಚ್ಚಿ ಕೇಳಿದ್ದಲ್ಲ. ಮುಂಗಡ ಇಸಕೊಂಡಿದ್ದಳು, ಅದಕ್ಕೇ ಕೇಳಿದಳು. ಗುರುನಾಥಪ್ಪ ಛತ್ರಿಯ ಹಿಡಿಯನ್ನೇ ನೋಡುತ್ತಿದ್ದರು.

ದಸರೆಗೆ ಆರು ದಿನ ಮೊದಲು ಬೆಂಗಳೂರಿನಲ್ಲಿ ಆಪರೇಷನ್ ಆಯಿತು. ಕೆರೆದು ತೆಗೆದ ಎಲುಬಿನ ಚೂರನ್ನು ಒಂದು ಸೀಸೆಯಲ್ಲಿ ತೋರಿಸಿದರು. ಕಡಲೆಕಾಯಿಯಷ್ಟಿತ್ತು. ಇಷ್ಟಕ್ಕಾ ಎನ್ನಿಸಿತು. ಇಷ್ಟಕ್ಕೆ ನಾಲ್ಕು ವರ್ಷ, ಎರಡು ಕೋರ್ಟು, ನನ್ನ ಕಸುಬು, ನನ್ನ ಮಾತು. ಪಕ್ಕದ ಹಾಸಿಗೆಯವನಿಗೆ ಎರಡೂ ಕಾಲು ಇರಲಿಲ್ಲ. ಅವನು ನನ್ನ ಸೀಸೆ ಇಸಕೊಂಡು ಅಲ್ಲಾಡಿಸಿ, "ಸದ್ದು ಚೆನ್ನಾಗಿದೆ ಕಣಯ್ಯ, ಗೆಜ್ಜೆ ಮಾಡಿಸ್ಕೊ" ಎಂದ. ಅವನ ಜೊತೆ ನಾನೂ ನಕ್ಕೆ. ಬಹಳ ದಿನದ ಮೇಲೆ ನಕ್ಕಿದ್ದೆ, ಹೊಟ್ಟೆ ನೋಯುವಷ್ಟು.

ಗಾಯ ಮುಚ್ಚಿತು. ಮೊಣಕಾಲು ಮಡಚಲಿಲ್ಲ, ಇನ್ನು ಮಡಚುವುದೂ ಇಲ್ಲ. ಬಿಲ್ಲು ಮಾಬುವಿನದೇ ಆಯಿತು; ನಾನು ಕೂತಲ್ಲೇ ಹತ್ತಿ ಆರಿಸುತ್ತೇನೆ, ಗಾದಿಯ ಚೀಲ ಕತ್ತರಿಸುತ್ತೇನೆ, ಅವಳ ಏಟು ತಪ್ಪಿದರೆ ಬೈಯುತ್ತೇನೆ. ಈಗ ತಪ್ಪುವುದು ಕಡಿಮೆ. ಕೆಂಪು ಅಂಚಿನ ಗಾದಿ ಮಾತ್ರ ಅಟ್ಟದ ಮೇಲೆ ಸುರುಳಿಯಾಗಿಯೇ ಇತ್ತು. ಮಾರಿಬಿಡು ಎಂದರೆ, "ಒಬ್ಬರ ಹೆಸರಿನ ಮದುವಿ ಗಾದಿ ಇನ್ನೊಬ್ಬರಿಗೆ ಹೆಂಗೆ ಕೊಡೋದು?" ಎನ್ನುತ್ತಿದ್ದಳು.

ಮುಂದಿನ ಬೇಸಿಗೆಯಲ್ಲಿ ಗುರುನಾಥಪ್ಪ ಬಂದರು. ಕೋಟಿರಲಿಲ್ಲ. ಬಾಗಿಲ ಹೊರಗೇ ನಿಂತರು.

"ಬರ್ರಿ" ಎಂದಳು ಮಾಬು. ನಾನು ಬರ್ರಿ ಎನ್ನಲಿಲ್ಲ.

"ಮಗಳ ಮದುವಿ ಸುಳ್ಳಲ್ರಿ ಸಾಬ್ರೆ" ಎಂದರು. "ಆವಾಗ ಮಾತುಕತೆ ನಡೆದಿತ್ತು, ಮುರೀತು. ಈಗ ಬ್ಯಾರೆ ಕಡೆ ಗೊತ್ತಾಗೇತೆ. ಗಾದಿ ಇದ್ರೆ ಒಯ್ಯೋಣ ಅಂತ ಬಂದೆ. ಇಲ್ಲಾಂದ್ರೆ..." ಮುಂದೆ ಹೇಳಲಿಲ್ಲ.

ಮಾಬು ಅಟ್ಟ ಹತ್ತಿ ಗಾದಿ ಇಳಿಸಿದಳು, ಕೊಡವಿದಳು, ಅಂಕಣದಲ್ಲಿ ಹಾಸಿದಳು. ಸೆರಗು ಸಿಕ್ಕಿಸಿಕೊಂಡು ಕೂರಲು ಹೋದಳು. ನಾನು ಸೀಸೆ ಹಿಡಿದು ಬೆಂಗಳೂರಿನಿಂದ ಬಂದಾಗಿನಿಂದ ಒಳಗೇ ಇಟ್ಟುಕೊಂಡಿದ್ದ ಸಿಟ್ಟೆಲ್ಲ ಒಮ್ಮೆಗೇ ಎದ್ದಿತು.

"ಆಚೆ ಸರಿ ಮಾಬು. ಇದಕ್ಕೆ ನಾನೇ ಕೂಡ್ತೀನಿ."

ಕೋಲು ಬಿಟ್ಟು, ಗೋಡೆ ಹಿಡಿದು, ಗಾದಿಯ ಮೇಲೆ ಕುಸಿದೆ. ಎಡಗಾಲು ಮಡಚಿದೆ. ಬಲಗಾಲು ನೆಟ್ಟಗೆ ಅವರ ಕಡೆಗೇ ಚಾಚಿಕೊಂಡಿತು. ಎರಡು ಕೈ ಊರಿ ಸರಿಯಲು ನೋಡಿದೆ. ಒಂದು ಮೊಳ ಸರಿದೆ. ಕಾಲು ಕಸೂತಿಗೆ ಸಿಕ್ಕಿ ಎಳೆಯಿತು. ಮತ್ತೆ ಅರ್ಧ ಮೊಳ. ಉಸಿರು ಕಟ್ಟಿತು. ಅರ್ಧ ಗಾದಿಯೂ ಆಗಿರಲಿಲ್ಲ.

"ಬರಕೊಳ್ರಿ ಗುರುನಾಥಪ್ಪನೋರೆ" ಎಂದೆ. "ಎಷ್ಟು ಸರಿದೆ, ಎಣಿಸಿದ್ರಾ? ಈಗ ಬರಕೊಳ್ರಿ."

ಅವರು ಗೋಡೆಗೆ ಕೈ ಕೊಟ್ಟರು. "ಅವತ್ತು ಅರಳೆ ಮ್ಯಾಲೆ ಬಿದ್ದದ್ದು ನಾನು ಕಂಡಿದ್ದೆ. ಅದನ್ನ ಬರೀಲಿಲ್ಲ. ಬರೆದಿದ್ರೆ ನನ್ನ ಕೆಲಸ..." ಎಂದು ನಿಲ್ಲಿಸಿದರು. ಆಮೇಲೆ ಬಹಳ ಸಣ್ಣ ದನಿಯಲ್ಲಿ, "ಅದೂ ಇದರಾಗ ಐತಾ ತಾಯಿ?" ಎಂದರು.

"ಇಲ್ರಿ. ಅದನ್ನ ಅವತ್ತೇ ಸುಟ್ಟೆ. ನಿಮ್ಮ ಮಗಳಿಗೆ ಬ್ಯಾರೆ ಅರಳೆ ಹಾಕೀನಿ" ಎಂದಳು ಮಾಬು.

ಅವರು ಚಪ್ಪಲಿ ಕಳಚಿದರು. ಒಳಗೆ ಬಂದು, ನನ್ನ ಪಕ್ಕದಲ್ಲಿ ಗಾದಿಯ ಮೇಲೆ ಚಕ್ಕಳಮಕ್ಕಳ ಹಾಕಿ ಕೂತರು. ನಾನು ನಿಂತುಹೋದ ಜಾಗದಿಂದ ಶುರುಮಾಡಿ, ಅಂಗೈಯಿಂದ ಒತ್ತಿ ನೋಡುತ್ತ, ಆ ತುದಿಯವರೆಗೂ ಸರಿದರು. "ಸೂಜಿ ಇಲ್ಲ" ಎಂದರು. ಅವರ ಮುಖವನ್ನು ನಾನು ನೋಡಲಿಲ್ಲ. ಕ್ಷಮಿಸಿದೆನೆಂದು ಯಾರೂ ತಿಳಿಯಬೇಡಿ. ಆ ರಾಜಿ ಪತ್ರ ಇವತ್ತಿಗೂ ಎಲ್ಲೋ ಒಂದು ಕಟ್ಟಿನಲ್ಲಿದೆ, ಅದರಲ್ಲಿ ನಾನು ಇವತ್ತಿಗೂ ಹತ್ತಿ ಹೊಡೆಯಲು ಶಕ್ತನಾಗಿದ್ದೇನೆ.

ಆದರೆ ಗಾದಿ ಸುತ್ತಬೇಕಿತ್ತು, ನಾನು ಅದರ ಮೇಲಿದ್ದೆ. ನಾನಾಗಿ ಏಳಲು ನನ್ನಿಂದ ಆಗಲಿಲ್ಲ. ಮಾಬು ಒಂದು ಕಂಕುಳಿಗೆ ಕೈ ಕೊಟ್ಟಳು. ಇನ್ನೊಂದಕ್ಕೆ ಅವರು ಕೊಟ್ಟರು. ನನ್ನನ್ನು ಎತ್ತಿ ನಿಲ್ಲಿಸದೆ ಆ ಗಾದಿಯನ್ನು ಅವರು ಒಯ್ಯುವಂತಿರಲಿಲ್ಲ.